ಗೌರಿಯ ಒಲೆಯ ಮೊದಲ ಕಟ್ಟಿಗೆ

ಕಳೆದ ವಾರ ನಮ್ಮವ್ವನ ಕಣ್ಣು ತೋರಿಸಲೆಂದು ಇಂಡಿ ಪಟ್ಟಣದ ಸರಕಾರಿ ಆಸ್ಪತ್ರೆಗೆ ಹೋಗಿದ್ದೆ. ಅವ್ವನನ್ನು ಸಾಲಿನಲ್ಲಿ ಕೂರಿಸಿ ಹೊರಗೆ ಬಂದರೆ, ಗೇಟಿನ ಬಳಿ ನಿಂಬೆಹಣ್ಣಿನ ಚೀಲ ಹೇರಿಕೊಂಡ ಟಂಟಂ ಗಾಡಿಯೊಂದು ಮಳೆಯಲ್ಲಿ ತೊಯ್ಯುತ್ತ ನಿಂತಿತ್ತು. ಒಳಗಿನಿಂದ ಫಿನಾಯಿಲ್, ಹೊರಗಿನಿಂದ ಹಸಿ ಗೋಣಿಚೀಲ ಮತ್ತು ಒಡೆದ ನಿಂಬೆ. ಈ ವಾಸನೆ ಒಟ್ಟಿಗೆ ಮೂಗಿಗೆ ಬಡಿದದ್ದೇ ತಡ, ನನ್ನ ಬಾಯಿಂದ ತಂತಾನೇ "ಹಾಂ... ಹಾಂ..." ಎಂಬ ರಾಗ ಹೊರಟಿತು. ಪಕ್ಕದಲ್ಲಿ ಹೋಗುತ್ತಿದ್ದ ನರ್ಸಮ್ಮ ತಿರುಗಿ ನೋಡಿ, ಈ ಮುದುಕನಿಗೆ ಏನೋ ಆಗಿದೆ ಅಂದುಕೊಂಡಿರಬೇಕು. ನಾನು ಅಂಥಾ ಮುದುಕನೇನಲ್ಲ, ಗಡ್ಡ ಮಾತ್ರ ಅವಸರ ಮಾಡಿದೆ.

ನನ್ನ ಹೆಸರು ದಸ್ತಗೀರ. ಸಿಂದಗಿಯಲ್ಲಿ ಮೈಕ್‌ಸೆಟ್ ಅಂಗಡಿ ಇದೆ. ಅಂಗಡಿ ಹೊಟ್ಟೆಗಾದರೆ, ಡೊಳ್ಳಿನ ಪದ ಜೀವಕ್ಕೆ. ನಾನು ಹಿಮ್ಮೇಳದವನು. ಮುಂದಿನವನು ಒಂದು ಸಾಲು ಹಾಡಿದರೆ ಅದರ ಬಾಲ ಹಿಡಿದು ಮತ್ತೊಮ್ಮೆ ಹಾಡುವುದು ನನ್ನ ಕೆಲಸ; ಸ್ವಂತದ್ದೆಂದು ಒಂದು ಸಾಲನ್ನೂ ಕಟ್ಟಿದವನಲ್ಲ. ಆದರೆ ಮೂರು ವರ್ಷದ ಹಿಂದಿನ ಆ ಮಳೆಗಾಲದಲ್ಲಿ, ಇದೇ ಆಸ್ಪತ್ರೆಯ ಮೂಲೆಯ ಕೋಣೆಯಲ್ಲಿ, ನಾನು ಹಿಮ್ಮೇಳ ಹಾಡಿದಂತೆ ಯಾರೂ ಎಲ್ಲಿಯೂ ಹಾಡಿರಲಿಕ್ಕಿಲ್ಲ. ಆ ಕೋಣೆಯಲ್ಲಿ ಆದದ್ದನ್ನು ಹೊರಗೆ ಆಡಬಾರದೆಂದು ನನಗೆ ತಾಕೀತಾಗಿತ್ತು. ಈಗ ಯಾರದು ಆ ಕತೆಯೋ ಅವನೇ "ಬರಿ ಕಾಕಾ, ಬರದ್ರ ಏನಾಗ್ತೈತಿ" ಎಂದಿದ್ದರಿಂದ ಬರೆಯುತ್ತಿದ್ದೇನೆ.

ಅವನು ಸಿದ್ದು. ಆಗ ಇಪ್ಪತ್ತೆರಡರ ಹುಡುಗ. ತಾಯಿ ಸಣ್ಣವನಿದ್ದಾಗಲೇ ತೀರಿಕೊಂಡಿದ್ದಳು. ತಂದೆ ಸೊಲ್ಲಾಪುರಕ್ಕೆ ದುಡಿಯಲು ಹೋದವನು ಅಲ್ಲಿಯೇ ಇನ್ನೊಂದು ಸಂಸಾರ ಹೂಡಿ ಇತ್ತ ತಿರುಗಿಯೂ ನೋಡಲಿಲ್ಲ. ಬೆಳೆಸಿದವನು ಅಗರಖೇಡದ ಮಲ್ಲಪ್ಪ ಮುತ್ಯಾ, ನಮ್ಮ ಸೀಮೆಯ ದೊಡ್ಡ ಹಾಡುಗಾರ. ಅನ್ನ ಹಾಕಿದ, ಡೊಳ್ಳು ಕೊಟ್ಟ, ಪುರಾಣ ಹೇಳಿದ. ಹುಡುಗನದೋ ಎಂಥಾ ತಲೆ! ಒಂದು ಸಲ ಕಿವಿಗೆ ಬಿದ್ದ ಕತೆ ಮತ್ತೆ ಹೊರಗೆ ಬೀಳುತ್ತಿರಲಿಲ್ಲ. ಎದುರಾಳಿ ಸವಾಲಿನ ಕೊನೆಯ ಮಾತು ಎತ್ತುವಷ್ಟರಲ್ಲಿ ಇವನ ಜವಾಬಿನ ಮೊದಲ ಸಾಲು ತಯಾರು, ಅದೂ ಅದೇ ಧಾಟಿ, ಅದೇ ಪ್ರಾಸ. ನಾನು ಎಷ್ಟೋ ಮೇಳಗಳ ಹಿಂದೆ ನಿಂತು ಹಾಡಿದ್ದೇನೆ. ಇಂಥವನನ್ನು ಮಾತ್ರ ಕಂಡಿಲ್ಲ. ಅವನ ಹಿಂದೆ ನಿಂತಾಗ ಮುಂದಿನ ಸಾಲು ಏನು ಬರುತ್ತದೋ ಎಂದು ನನಗೇ ಮೈ ಜುಮ್ಮೆನ್ನುತ್ತಿತ್ತು.

ಗೊತ್ತಿಲ್ಲದವರಿಗೆ ನಮ್ಮ ಪದದ ಪದ್ಧತಿ ಒಂದಿಷ್ಟು ಹೇಳಬೇಕು. ಎರಡು ಮೇಳ ಎದುರುಬದುರು ಕೂಡುತ್ತವೆ. ಒಂದು ಮೇಳ ಹಾಡಿನಲ್ಲಿಯೇ ಸವಾಲು ಹಾಕಿದರೆ ಇನ್ನೊಂದು ಹಾಡಿನಲ್ಲಿಯೇ ಜವಾಬು ಕೊಡಬೇಕು. ಸವಾಲಿಗೆ ಪುರಾಣದ ಆಧಾರ ಇರಲೇಬೇಕು. ಜವಾಬು ಸಿಗದಿದ್ದರೆ "ಸೋತೆ" ಎಂದು ಒಪ್ಪಿಕೊಳ್ಳಬೇಕು. ಆಗ ಸವಾಲು ಹಾಕಿದವನು ಸೋತವರಿಗೆ ಅಲ್ಲಿಯೇ ಅದನ್ನು ಬಿಡಿಸಿ ಹೇಳಬೇಕು. ಬಿಡಿಸದೆ ಎದ್ದು ಹೋದವನನ್ನು ಮುಂದೆ ಯಾವ ಊರೂ ಕರೆಯುವುದಿಲ್ಲ.

ನಾನು ಹೇಳುವ ಮಳೆಗಾಲದ ಹಿಂದಿನ ವರ್ಷ, ಬನ್ನಿ ಹಬ್ಬದ ಹೊತ್ತಿಗೆ, ಬಸವನ ಬಾಗೇವಾಡಿ ಕಡೆಯ ಒಂದು ಹಳ್ಳಿಯವರು ಮಂದಿ ಕೂಡಲಿ ಎಂಬ ಆಸೆಗೆ ಗುರುವನ್ನೂ ಶಿಷ್ಯನನ್ನೂ ಎದುರುಬದುರು ಕೂರಿಸಿದರು. ಮುತ್ಯಾ ನಗುತ್ತಲೇ ಒಪ್ಪಿದ. ನಾನು ಸಿದ್ದುವಿನ ಹಿಂದೆ ನಿಂತಿದ್ದೆ. ಮಧ್ಯಾಹ್ನದಿಂದ ಬಿಸಿಲಿಳಿಯುವ ತನಕ ಇಬ್ಬರೂ ಸಮಸಮ. ಆಮೇಲೆ ಸಿದ್ದು ಈ ಸವಾಲು ಎತ್ತಿದ:

"ಗಂಗಿ ಜಡಿಯ ಏರಿ ಕುಂತ ದಿನ
ಗೌರಿ ಒಲಿಯ ಹಚ್ಚಿದಾಗ
ಮೊದಲ ಹಾಕಿದ ಕಟ್ಟಿಗಿ ಯಾವ ಗಿಡದ್ದೋ
ಬಲ್ಲವರಿದ್ದರ ಹೇಳರಿ ಈಗ."

ಮುತ್ಯಾ ಕಣ್ಣು ಮುಚ್ಚಿ ನಿಂತ. ಅವನ ಹಿಮ್ಮೇಳದವರು ಹೊತ್ತು ತಳ್ಳಲು ತಾಳ ಬಾರಿಸಿದರು, ಮತ್ತೆ ಬಾರಿಸಿದರು. ಕೊನೆಗೆ ಮುತ್ಯಾ ಡೊಳ್ಳು ಬಾರಿಸುವ ಗುಣಿ ಕೆಳಗಿಟ್ಟು, "ಸೋತೆನಪಾ ತಮ್ಮಾ. ಬಿಡಿಸಿ ಹೇಳು" ಎಂದ. ಸಿದ್ದು ಬಿಡಿಸಿದ: ಅದು ಬನ್ನಿಯ ಕಟ್ಟಿಗೆ, ಯಾಕೆಂದರೆ ಸಿಟ್ಟಿನ ಬೆಂಕಿಯನ್ನು ಒಳಗೇ ಇಟ್ಟುಕೊಂಡು ಬದುಕುವ ಗಿಡ ಅದೊಂದೇ, ಸವತಿ ಬಂದ ದಿನ ಗೌರಿಯ ಕೈಗೆ ಸಿಕ್ಕದ್ದೂ ಅದೇ. ಮಂದಿ ಸೀಟಿ ಹೊಡೆದರು, ಪೇಟ ಹಾರಿಸಿದರು. ಯಾರೋ ಅದನ್ನು ಮೊಬೈಲಿನಲ್ಲಿ ಹಿಡಿದು, "ಗುರುವಿಗೇ ನೀರು ಕುಡಿಸಿದ ಶಿಷ್ಯ" ಎಂದು ಹೆಸರಿಟ್ಟು ಎಲ್ಲ ಕಡೆ ಹರಿಯಬಿಟ್ಟರು. ಸಿಂದಗಿ ಬಸ್‌ಸ್ಟ್ಯಾಂಡಿನ ಚಹದಂಗಡಿಯಲ್ಲಿ ಕೂತರೂ ಅದೇ ಹಾಡು.

ಮುತ್ಯಾ ಮತ್ತೆ ಹಾಡಲು ಕೂಡಲಿಲ್ಲ. ತಲೆಯೊಳಗಿನದು ಸವೆಯುತ್ತಿದೆ, ಇನ್ನು ಸಾಕು, ಎಂದನಂತೆ. ಜೋಳದ ರಾಶಿಯ ಹೊತ್ತಿಗೆ ತೀರಿಹೋದ. ಸಿದ್ದು ಅಷ್ಟರಲ್ಲಿ ಅಗರಖೇಡ ಬಿಟ್ಟು ಸಿಂದಗಿಗೆ ಬಂದು ನನ್ನ ಅಂಗಡಿಯ ಹಿಂದಿನ ಕೋಣೆಯಲ್ಲಿ ಸ್ಪೀಕರುಗಳ ನಡುವೆ ಮಲಗತೊಡಗಿದ್ದ. ಗುರುವಿನ ಮಣ್ಣಿಗೂ ಹೋಗಲಿಲ್ಲ. ಸೊಕ್ಕು ಏರಿದೆ ಎಂದು ನಾನೂ ಬೈದೆ.

ಆ ವರ್ಷ ರೋಹಿಣಿ ಮಳೆ ಕೈಕೊಟ್ಟಿತು, ಮೃಗಶಿರ ಹಿಡಿದು ಹೊಡೆಯಿತು. ಮಳೆ ಬಿಟ್ಟ ಒಂದು ಸಂಜೆ ಮುದ್ದೇಬಿಹಾಳದಲ್ಲಿ ಪದ ನಡೆದಿದ್ದಾಗ ಮುಂದೆ ಕೂತವನೊಬ್ಬ, "ಏ ಸಿದ್ದೂ, ನಿಮ್ಮ ಗುರುಗ ಕೇಳಿದ್ಯಲಾ, ಆ ಕಟ್ಟಿಗಿ ಸವಾಲ ಹಾಡೋ!" ಎಂದು ಕೂಗಿದ. ಸಿದ್ದು ಸಾಲಿನ ನಡುವೆಯೇ ನಿಂತ. ಮರುಗಳಿಗೆಯಲ್ಲಿ ಅವನು ಬೀಸಿದ ಹೊಡೆತಕ್ಕೆ ನನ್ನ ಹೊಸ ಮೈಕು ಮುರಿದು ಎರಡಾಗಿತ್ತು, ಬಿಡಿಸಲು ಬಂದ ಯಜಮಾನರ ಹಣೆ ಒಡೆದು ರಕ್ತ ಇಳಿಯುತ್ತಿತ್ತು. ಪದ ಕರೆಸಿದವರೇ ಆ ಯಜಮಾನರು. ಹಣೆಗೆ ಪಟ್ಟಿ ಕಟ್ಟಿಸಿಕೊಂಡು ಬಂದು ನನ್ನನ್ನು ಬದಿಗೆ ಕರೆದರು.

"ದಸ್ತಗೀರ, ಇಂಥಾ ಹಾಡುಗಾರ ನೂರ ವರ್ಷಕ್ಕ ಒಬ್ಬ ಹುಟ್ಟಾನ. ಇಂವನ್ನ ಜೇಲಿಗೆ ಹಾಕಿ ನಾ ಏನ ಮಾಡ್ಲಿ? ಆದ್ರ ಇಂವಗ ಏನೋ ಆಗೇತಿ. ದವಾಖಾನಿಗೆ ತೋರಸ್ರಿ. ತೋರಸಲಿಲ್ಲಂದ್ರ ಮಾತ್ರ ನಾನ ಠಾಣೆಗೆ ಹೋಗಿ ಬರದ ಕೊಡ್ತೇನಿ."

ಸಿಂದಗಿಯಲ್ಲಿ ತೋರಿಸಿದರೆ ಊರಿಗೆಲ್ಲ ಡಂಗುರವಾಗುತ್ತದೆ ಎಂದು ಇಂಡಿಗೆ ಕರೆತಂದೆ. ಮಂಗಳವಾರ ಮಂಗಳವಾರ ಅಲ್ಲಿ ಮನಸ್ಸಿನ ಬೇನೆಗೆ ಮಾತಾಡಿಸುವವರು ಬರುತ್ತಿದ್ದರು. ಸುಜಾತಾ ಮೇಡಂ. ಮುದ್ದೇಬಿಹಾಳದ ಕಡೆಯವರು, ಮೂವತ್ತೈದರ ಆಸುಪಾಸು, ನೂಲಿನ ಸೀರೆ, ಕೈಯಲ್ಲೊಂದು ಸ್ಟೀಲಿನ ನೀರಿನ ಬಾಟಲಿ. ಸಿದ್ದು ಬಾಗಿಲಲ್ಲೇ ನಿಂತು, "ಹಿಮ್ಮೇಳ ಇಲ್ಲದ ನಾ ಕೂಡೂದಿಲ್ಲ" ಎಂದ. ನಾನು ನಾಚಿಕೆಯಿಂದ ನೆಲ ನೋಡಿದೆ. ಮೇಡಂ ಇನ್ನೊಂದು ಕುರ್ಚಿ ಎಳೆದು, "ಇಬ್ರೂ ಬರ್ರಿ. ಕಾಕಾ, ಇಲ್ಲಿ ಹಾಡಿದ್ದು ಇಲ್ಲೇ ಇರಬೇಕು ನೋಡ್ರಿ, ಹೊರಗ ಬೀಳಬಾರದು" ಎಂದರು.

"ಹೆಸರೇನಪಾ?"

ಸಿದ್ದು ಕುರ್ಚಿಯ ಕೈಯ ಮೇಲೆ ತಾಳ ಹಾಕಿ ಎತ್ತಿದ: "ಹೆಸರ ಕೇಳಿದರ ಸಿದ್ಧನ ಹೆಸರೋ, ಉಸಿರ ಕೇಳಿದರ ಶಿವನ ಉಸಿರೋ..."

"ಶಿವನ ಉಸಿರೋ... ಹಾಂ... ಹಾಂ..." ಎಂದೆ ನಾನು. ಹಾಡಬೇಕೆಂದು ಹಾಡಿದ್ದಲ್ಲ, ಬಾಯಿ ಕೇಳಲಿಲ್ಲ.

ನಿದ್ದೆ ಬರುತ್ತದೆಯೇ ಎಂದು ಕೇಳಿದರೆ ಕುಂಭಕರ್ಣ ವರ ಬೇಡಿದ ಕತೆ. ಸಿಟ್ಟು ಯಾವಾಗ ಬರುತ್ತದೆ ಎಂದರೆ ದೂರ್ವಾಸ. ಊಟ ಸೇರುತ್ತದೆಯೇ ಎಂದರೆ ಶಬರಿಯ ಬೋರೆಹಣ್ಣು. ಪ್ರತಿಯೊಂದಕ್ಕೂ ಅಲ್ಲಿಯೇ ಕಟ್ಟಿದ ಪದ, ಪ್ರತಿಯೊಂದರ ಬಾಲಕ್ಕೂ ನಾನು. ಕಿಟಕಿಯ ಹೊರಗೆ ಮಂದಿ ಕೂಡಿತು. ಕೈಗೆ ಸಲೈನ್ ಚುಚ್ಚಿಸಿಕೊಂಡಿದ್ದವನೊಬ್ಬ ಬಾಟಲಿ ಸಮೇತ ಬಂದು ನಿಂತಿದ್ದ. ಔಷಧಿ ಕೊಡುವವನು ತಲೆ ಹಾಕಿ, "ಕಾರ್ಯಕ್ರಮ ಎಲ್ಲೀತನಕ ಐತ್ರಿ?" ಎಂದು ಕೇಳಿದ. ಮೇಡಂ ಕಿಟಕಿ ಮುಚ್ಚಿ ಬಂದು, "ಛಲೋ ಹಾಡ್ತೀಪಾ. ಮುಂದಿನ ಮಂಗಳವಾರ ಬಾ" ಎಂದಷ್ಟೇ ಹೇಳಿದರು. ಬಸ್ಸಿನಲ್ಲಿ ಸಿದ್ದು ಮೀಸೆ ತಿರುವಿ, "ಹೆಂಗ ಕಾಕಾ, ಒಂದಕ್ಕೂ ನಿಲ್ಲಲಿಲ್ಲ ನೋಡು" ಎಂದ.

ಎರಡನೆಯ ಸಲ ಅವನೇ ಮುಂದಾದ. "ನೀವು ಕೇಳಿದ್ದಾತು. ಇವತ್ತ ನನ್ನ ಸವಾಲು" ಎಂದು ಒಂದು ತೊಡಕಿನ ಪುರಾಣದ ಕತೆ ಎತ್ತಿದ. ಮೇಡಂ ಪೂರ್ತಿ ಕೇಳಿ, "ನನಗ ಗೊತ್ತಿಲ್ಲಪಾ. ನಮ್ಮ ಮನ್ಯಾಗ ಬುದ್ಧನ ಫೋಟೋ ಐತಿ. ನಿಮ್ಮ ಪುರಾಣ ನನಗ್ಯಾರೂ ಹೇಳಿಲ್ಲ" ಎಂದರು.

"ಸೋತ್ರೇನು ಹಂಗಾರ?"

"ಸೋತೆ."

ಸಿದ್ದು ನಕ್ಕ. ಮುತ್ಯಾ ಸತ್ತ ಮೇಲೆ ಅವನ ಹಲ್ಲು ಕಂಡದ್ದು ಆಗಲೇ. ಮೇಡಂ ನನ್ನ ಕಡೆ ತಿರುಗಿ, "ನಿಮ್ಮ ಪದದಾಗ ಸೋತ ಮ್ಯಾಲ ಏನ ಮಾಡ್ತಾರ್ರಿ ಕಾಕಾ?" ಎಂದರು. ನಾನು ಪದ್ಧತಿ ಹೇಳಿದೆ. "ಹೌದಾ? ಹಂಗಾರ ಬಿಡಿಸಿ ಹೇಳಪಾ" ಎಂದು ಕುರ್ಚಿಗೆ ಒರಗಿ ಕೂತರು.

ಆರಿದ್ರಾ ಮಳೆ ಮುಗಿದು ಪುನರ್ವಸು ಹಿಡಿದರೂ ನಡೆದದ್ದು ಇಷ್ಟೇ. ಅವನು ಕೇಳುತ್ತಿದ್ದ, ಅವರು ಸೋಲುತ್ತಿದ್ದರು, ಅವನು ಬಿಡಿಸುತ್ತಿದ್ದ. ನಾನು ನೋಡಿ ನೋಡಿ ತಲೆ ಚಿಟ್ಟು ಹಿಡಿದು, ಒಂದು ದಿನ ಗೇಟಿನ ಬಳಿ ನಿಂಬೆಹಣ್ಣಿನ ಗಾಡಿಯ ಹತ್ತಿರ ಅವರನ್ನು ತಡೆದೆ.

"ಮೇಡಂ, ತಪ್ಪ ತಿಳೀಬ್ಯಾಡ್ರಿ. ನೀವು ಗೆಲ್ಲೂದು ಯಾವಾಗ?"

ಅವರು ಹಣ್ಣು ಆರಿಸುತ್ತಲೇ ಹೇಳಿದರು: "ನಾ ಗೆಲ್ಲಾಕ ಎಲ್ಲಿ ಬಂದೇನ್ರಿ ಕಾಕಾ. ಗೆದ್ರ ಅಂವ ಬಾಯಿ ಮುಚ್ಚತಾನ. ಸೋತ್ರ ಬಿಡಿಸಿ ಹೇಳತಾನ. ನೀವ ಹೇಳಿಕೊಟ್ಟೀರಿ."

ಅವತ್ತಿನಿಂದ ನಾನು ಅವರನ್ನು ಬೇರೆ ಕಣ್ಣಿನಿಂದ ನೋಡತೊಡಗಿದೆ. ಸೋಲುವುದರಲ್ಲಿ ಅಂಥಾ ಪಳಗಿದ ಕೈಯನ್ನು ನಾನು ಬೇರೆ ಕಂಡಿಲ್ಲ. ಆ ಹೆಣ್ಣುಮಗಳು ಒಂದು ಕತೆಯನ್ನೂ ಸುಮ್ಮನೆ ಕೇಳುತ್ತಿರಲಿಲ್ಲ. ಸಿದ್ದು ಒಂದು ಮಂಗಳವಾರ ಗಣಪತಿಯ ಕತೆ ಬಿಡಿಸಿದ. ಮುಗಿದ ಮೇಲೆ ಅವರು ಮೆಲ್ಲಗೆ ಕೇಳಿದರು: "ಅಪ್ಪ ತಲಿ ಕಡದ, ಆಮ್ಯಾಲ ಆನಿ ತಲಿ ತಂದು ಹಚ್ಚಿದ, ಖರೆ. ಕಣ್ಣ ತೆರೆದ ಮ್ಯಾಲ ಆ ಹುಡುಗ ಅಪ್ಪಗ ಏನಂದ?"

ಸಿದ್ದು ಕುರ್ಚಿಯ ಕೈ ಬಡಿದ. ಸಾಲು ಹುಟ್ಟಲಿಲ್ಲ. "ಪುರಾಣದಾಗ ಅದು ಇಲ್ರಿ" ಎಂದ.

"ಇರಲಿ ಬಿಡು. ನೀ ಆಗಿದ್ರ ಏನಂತಿದ್ದಿ?"

ಅವನು ಕಿಟಕಿಯ ಕಡೆ ಮುಖ ಮಾಡಿ ಕೂತುಬಿಟ್ಟ. ಮೇಡಂ ಅವಸರ ಮಾಡಲಿಲ್ಲ, ನೀರು ಕುಡಿದರು, ಅವನಿಗೂ ಬಾಟಲಿ ಚಾಚಿದರು. ಮುಂದಿನ ವಾರ ಅವನು ಮೊದಲ ಸಲ ಹಾಡಿಲ್ಲದೆ, ಬರಿ ಮಾತಿನಲ್ಲಿ, ಸೊಲ್ಲಾಪುರದ ಅಪ್ಪನ ಬಗ್ಗೆ ಒಂದಿಷ್ಟು ಹೇಳಿದ. ಜೊತೆಗೆ ಮುತ್ಯಾ ಅವನಿಗೆ ರೊಟ್ಟಿ ಮುರಿದು ಬೆಲ್ಲ ಹಚ್ಚಿ ಕೊಡುತ್ತಿದ್ದುದನ್ನೂ ಹೇಳಿದ. ಹಿಮ್ಮೇಳದವನಿಗೆ ಅಲ್ಲಿ ಕೆಲಸವಿರಲಿಲ್ಲ. ನಾನು ಟವೆಲ್ಲಿನಿಂದ ಕಣ್ಣೊರೆಸಿಕೊಂಡೆ. ಹುಡುಗ ಸುಧಾರಿಸಿದ ಎಂದೇ ತಿಳಿದೆ.

ಪುಷ್ಯ ಮಳೆಯಲ್ಲಿ ಅವನು ಕಾಣೆಯಾದ. ಬೆಳಿಗ್ಗೆ ಶಟರ್ ತೆಗೆದರೆ ಹಿಂದಿನ ಕೋಣೆ ಖಾಲಿ, ಮೊಬೈಲು ಸ್ಪೀಕರಿನ ಮೇಲೆ. ಹಿಂದಿನ ದಿನ ಗಿರಾಕಿಯೊಬ್ಬ ಅದೇ ಕಟ್ಟಿಗೆ ಸವಾಲಿನ ವಿಡಿಯೋ ಹಚ್ಚಿ, "ಇದ ಧ್ವನಿ ಬರೂವಂಥಾ ಸ್ಪೀಕರ್ ಕೊಡ್ರಿ" ಎಂದು ಕೇಳಿದ್ದು ನೆನಪಾಗಿ ಶಟರ್ ಹಾಗೇ ಬಿಟ್ಟು ಓಡಿದೆ. ಬಸ್‌ಸ್ಟ್ಯಾಂಡು ಹುಡುಕಿದೆ, ಬಾವಿಗಳನ್ನು ಇಣುಕಿದೆ. ಮಧ್ಯಾಹ್ನ ಯಾರೋ ಅಗರಖೇಡದ ಬಸ್ಸಿನಲ್ಲಿ ನೋಡಿದ್ದಾಗಿ ಹೇಳಿದರು. ಮಹಾರಾಷ್ಟ್ರದಲ್ಲಿ ನೀರು ಬಿಟ್ಟಿದ್ದರಿಂದ ಭೀಮೆ ದಂಡೆ ತುಂಬಿ ಕೆಂಪಗೆ ಹರಿಯುತ್ತಿದ್ದ ದಿನಗಳವು. ನಾನು ಹೋದಾಗ ಸಿದ್ದು ಊರೊಳಗೆ ಹೋಗಿರಲಿಲ್ಲ. ಹೊಳೆಯ ದಂಡೆಯಲ್ಲಿ, ನೀರು ಕಾಲಿಗೆ ತಾಕುವಷ್ಟು ಹತ್ತಿರ ಕೂತಿದ್ದ.

ಹತ್ತಿರ ಹೋಗಲು ಹೆದರಿಕೆ, ಬಿಟ್ಟು ಬರಲು ಇನ್ನೂ ಹೆದರಿಕೆ. ಮೇಡಂಗೆ ಫೋನು ಹಚ್ಚಿ ಸ್ಪೀಕರಿಗೆ ಹಾಕಿದೆ. ಅವರು ಸುತ್ತುಬಳಸಿ ಮಾತಾಡಲಿಲ್ಲ.

"ಸಿದ್ದು, ಸಾಯಬೇಕು ಅನ್ನಸಾಕತ್ತೇತೇನು?"

ಇಂಥಾ ಮಾತನ್ನು ಯಾರಾದರೂ ಬಾಯಿಬಿಟ್ಟು ಕೇಳುತ್ತಾರೆಯೇ! ಸಿದ್ದು ನೀರಿನಿಂದ ಕಣ್ಣು ಕೀಳದೆ, "ಹೂಂನ್ರಿ" ಎಂದ.

"ಹೇಳಿದ್ದು ಛಲೋ ಆತು. ಈಗ ಎದ್ದು ನೀರ ಬಿಟ್ಟು ಹಿಂದಕ ಸರಿ. ಕಾಕಾನ ಕೈ ಹಿಡಿ. ನಾ ಫೋನ್ ಇಡೂದಿಲ್ಲ."

ಅವರು ಇಡಲೇ ಇಲ್ಲ. ನಾವು ಅಗರಖೇಡದಿಂದ ಇಂಡಿ ಮುಟ್ಟುವ ತನಕ ಅತ್ತ ಕಡೆ ಇದ್ದರು. ಮಾತು ಮುಗಿದಾಗ ಅವರ ಮನೆಯ ಕುಕ್ಕರಿನ ಸೀಟಿ ಕೇಳುತ್ತಿತ್ತು. ಮರುದಿನ ವಿಜಯಪುರದ ದೊಡ್ಡ ಡಾಕ್ಟರ ಹತ್ತಿರ ತಾವೇ ಕರೆದೊಯ್ದು ಗುಳಿಗೆ ಬರೆಸಿದರು. ಒಂಟಿ ಬಿಡಬೇಡಿ ಎಂದು ನನಗೆ ತಾಕೀತು ಮಾಡಿದರು. ನಾನು ಆ ದಿನಗಳಲ್ಲಿ ಅವನ ಪಕ್ಕದಲ್ಲೇ, ಸ್ಪೀಕರುಗಳ ನಡುವೆ ಮಲಗಿದೆ. ಖುದಾನ ಮೇಲೆ ಆಣೆ, ನನ್ನ ಮಗನಿಗೂ ಅಷ್ಟು ಕಾವಲು ಕಾದವನಲ್ಲ.

ಆಶ್ಲೇಷ ಮಳೆ ಸಣ್ಣಗೆ ಹಿಡಿದಿದ್ದ ಒಂದು ಮಂಗಳವಾರ ಅವನು ಮತ್ತೆ ಆ ಕೋಣೆಯಲ್ಲಿ ಕೂತ. ಗುಳಿಗೆಯಿಂದ ನಾಲಿಗೆ ಸ್ವಲ್ಪ ದಪ್ಪಗಾಗಿತ್ತು. ತಾಳ ಹಾಕಲಿಲ್ಲ. ಸಣ್ಣ ಧ್ವನಿಯಲ್ಲಿ ಆ ಸವಾಲನ್ನೇ ಎತ್ತಿದ: ಗಂಗಿ ಜಡಿಯ ಏರಿ ಕುಂತ ದಿನ. ನಾನು ಬಾಲ ಹಿಡಿಯಲು ಬಾಯಿ ತೆರೆದವನು ಮೇಡಂ ಮುಖ ನೋಡಿ ಮುಚ್ಚಿಕೊಂಡೆ. ಅವರೂ ಆ ವಿಡಿಯೋ ನೋಡಿದ್ದರು, ಜವಾಬು ಬನ್ನಿ ಎಂಬುದು ತಾಲೂಕಿನ ಹಸುಗೂಸಿಗೂ ಗೊತ್ತಿತ್ತು. ಆದರೂ ಅವರು, "ಸೋತೆ. ಬಿಡಿಸಿ ಹೇಳಪಾ" ಎಂದರು.

"ಬನ್ನಿ..." ಎಂದು ಸುರು ಮಾಡಿದ ಸಿದ್ದು ಅಲ್ಲಿಯೇ ನಿಂತ. "ಬನ್ನಿ ಅಲ್ರಿ. ಯಾವ ಗಿಡದ್ದೂ ಅಲ್ಲ. ಅಂಥಾ ಕಟ್ಟಿಗಿನ ಇಲ್ಲ. ಪುರಾಣದಾಗ ಎಲ್ಲೂ ಇಲ್ಲ. ಗೆಲ್ಲಬೇಕಂತ ನಿಂತ ನಿಲುವಿನ್ಯಾಗ ನಾನ ಹುಟ್ಟಿಸಿದ್ದು. ಮುತ್ಯಾ ನನ್ನ ನಂಬಿದ್ದ. ಹುಡುಗ ಆಧಾರ ಇಲ್ಲದ ಕೇಳೂದಿಲ್ಲ, ನನಗ ಮರತೈತಿ ಅಂತ ತಿಳದ. ತಲಿ ಹೋತು ಅಂತ ತಿಳಕೊಂಡ ಸತ್ತ ಮುದುಕ. ಅವನ ತಲಿ ನೆಟ್ಟಗಿತ್ರಿ. ನನಗೊಬ್ಬಗ ಗೊತ್ತಿತ್ತು, ನಾ ಹೇಳಲಿಲ್ಲ."

ನಾನು ಅವತ್ತು ಆ ಸವಾಲಿನ ಹಿಂದೆ ನಿಂತು ಗಂಟಲು ಹರಿಯುವಂತೆ ಹಾಡಿದ್ದೆ! ಸಮಾಧಾನದ ಒಂದು ಮಾತು ಹೇಳಲಿ ಎಂದು ಮೇಡಂ ಕಡೆ ನೋಡಿದೆ. ನಿನ್ನ ತಪ್ಪಲ್ಲ ಬಿಡು ಎಂದು ಅವರು ಹೇಳಲಿಲ್ಲ. ಅವನು ಅತ್ತು ಮುಗಿಸುವ ತನಕ ಕಾದರು.

"ನಿಮ್ಮ ಪದ್ಧತಿ ಏನೈತಿ? ಬಿಡಿಸಿ ಹೇಳೂದು ಸೋತವರಿಗೆ, ಹೌದಲ್ಲೋ? ಸೋತವರು ಈಗಿಲ್ಲ. ಅವರ ಮನ್ಯಾಗ ಯಾರ ಅದಾರ?"

"ಆಯಿ ಅದಾಳ್ರಿ" ಎಂದ. ಮುತ್ಯಾನ ಹೆಂಡತಿ.

"ಹಂಗಾರ ಆಯಿ ಕಡೆ ಹೋಗಿ ಬಿಡಿಸು. ಇವತ್ತ ಬ್ಯಾಡ. ನಿನ್ನ ಮೈಯಾಗ ಬಲ ಬಂದ ದಿನ. ನಾ ಬರೂದಿಲ್ಲ. ಹಿಮ್ಮೇಳ ಬರತೈತಿ." ಕೊನೆಯ ಮಾತು ನನ್ನ ಕಡೆ ನೋಡಿ ಹೇಳಿದರು.

ಬಲ ಬರಲು ಹುಬ್ಬಾ ಮಳೆ ಬಂತು. ಹೊಳೆ ಇಳಿದು ಅಗರಖೇಡದ ಹೊಲಗಳಲ್ಲಿ ತೊಗರಿ ಮೊಳಕಾಲೆತ್ತರ ನಿಂತಿತ್ತು. ಆಯಿ ಒಲೆಯ ಮುಂದೆ ರೊಟ್ಟಿ ಬಡಿಯುತ್ತಿದ್ದಳು. ನಮ್ಮನ್ನು ನೋಡಿ ಏಳಲೂ ಇಲ್ಲ, ಕೂಡಿ ಎನ್ನಲೂ ಇಲ್ಲ. ಸಿದ್ದು ಬಾಗಿಲ ಬಳಿ ನೆಲಕ್ಕೆ ಕೂತು, ಹಾಡಿಲ್ಲದೆ, ಪ್ರಾಸವಿಲ್ಲದೆ, ಎಲ್ಲ ಹೇಳಿದ. ರೊಟ್ಟಿಯ ಸಪ್ಪಳ ನಡುವೆ ನಿಂತಿತು, ಮತ್ತೆ ಸುರುವಾಯಿತು. ಆಕೆ ತವೆಯ ಮೇಲಿನದನ್ನು ತಿರುವಿ ಹಾಕಿದಳು. ನನ್ನ ಒಳಗೊಂದು ಆಸೆ: ಮುತ್ಯಾನಿಗೆ ಆಗಲೇ ಗೊತ್ತಾಗಿತ್ತು ಎಂದು ಈ ಮುದುಕಿ ಒಂದು ಸುಳ್ಳನ್ನಾದರೂ ಹೇಳಬಾರದೆ?

"ಅಂವಗ ಗೊತ್ತಾಗಲಿಲ್ಲೋ ಮಗನ" ಎಂದಳು ಆಯಿ. "ಸಾಯೂತನಕ ಹುಡುಕಿದ. ಬದುವಿನ ಮ್ಯಾಲಿನ ಒಂದೊಂದ ಗಿಡದ ಮುಂದೂ ನಿಂದರತಿದ್ದ. ಬೇವಿನ ಮುಂದ, ಜಾಲಿ ಮುಂದ. ನೀ ಬನ್ನಿ ಅಂತ ಹೇಳಿದ್ದಿ, ಖರೆ, ಅದರ ಆಧಾರ ಎಲ್ಲೈತಿ ಅಂತ ಹುಡುಕಿದ. ಊಟಾ ಬಿಟ್ಟ ಹುಡುಕಿದ. ನಿನಗ ಬೈಲಿ ಅಂದ್ರ ಬಾಯಿ ಬರವಲ್ದು, ಬಿಡ್ಲಿ ಅಂದ್ರ ಹೊಟ್ಟಿ ಒಪ್ಪವಲ್ದು."

ಸಿದ್ದು ತಲೆಯನ್ನು ನೆಲಕ್ಕೆ ಹಚ್ಚಿದ್ದ.

ಆಯಿ ಒಲೆಯೊಳಗಿನದನ್ನು ಮುಂದಕ್ಕೆ ದೂಡಿದಳು. "ಇಷ್ಟ ದೊಡ್ಡ ಹಾಡುಗಾರ್ರು, ಒಲಿ ಸುದ್ದಿ ಗಂಡಸರು ಗಂಡಸರ ಕೇಳಕೋತ ಕುಂತ್ರಿ. ನನ್ನ ಕೇಳಿದ್ರ ಅವತ್ತ ಹೇಳತಿದ್ದೆ. ಸಿಟ್ಟ ಬಂದ ದಿನ ಆರಿಸಿ ಹಾಕಾಕ ಆಗತೈತೇನು? ಕೈಗೆ ಸಿಕ್ಕದ್ದ ಹಾಕೂದು. ನೋಡು, ತೊಗರಿಕಟ್ಟಿಗಿ!"

ನನಗೆ ನಗಬೇಕೋ ಅಳಬೇಕೋ ತಿಳಿಯಲಿಲ್ಲ. ಆಯಿ ರೊಟ್ಟಿಯೊಂದನ್ನು ಬುಟ್ಟಿಗೆ ಒಗೆದು ಮಾತು ಮುಂದುವರಿಸಿದಳು.

"ಹುಡುಕಾಕ ಹೋಗಿ ಅಂವಗ ಮರತಿದ್ದೆಲ್ಲಾ ಒಂದೊಂದ ನೆನಪಾತು. ಅವನ ಗುರು ಹಾಡೂವು, ಗುರುವಿನ ಗುರು ಹಾಡೂವು. ಇದರಾಗ ಐತೇನು, ಅದರಾಗ ಐತೇನು ಅಂತ ಇದ ಒಲಿ ಮುಂದ ಕುಂತು ಎಲ್ಲಾ ಹಾಡಿ ನೋಡಿದ. ಕೇಳಾಕ ಬ್ಯಾರೆ ಯಾರಿದ್ರು? ನಾ ಕೇಳಿದೆ. ಎಲ್ಲಾ ನನ್ನ ತಲ್ಯಾಗ ಕುಂತಾವ. ನನಗ ರಾಗ ಬರೂದಿಲ್ಲ, ಮಾತ ಬರ್ತಾವ. ನಾ ಸತ್ತರ ಅವೂ ಸಾಯ್ತಾವ." ಅಲ್ಲಿಗೆ ಆಕೆಯ ಧ್ವನಿ ಒಡೆಯಿತು. ಸೆರಗಿನಿಂದ ಮುಖ ಒರೆಸಿಕೊಂಡು, "ಅತ್ತಿದ್ದ ಸಾಕು. ಕೈ ತೊಳಿ, ಉಣ್ಣು. ಆಮ್ಯಾಲ ಕೂಡು. ಕಲಿ" ಎಂದಳು.

ಅಲ್ಲಿಂದ ಬನ್ನಿ ಹಬ್ಬದ ತನಕ ಅವನು ಅಗರಖೇಡದಲ್ಲಿಯೇ ಉಳಿದ. ಮಂಗಳವಾರ ಮಾತ್ರ ಇಂಡಿಗೆ ಬರುತ್ತಿದ್ದ, ಅದೂ ಹಿಮ್ಮೇಳವಿಲ್ಲದೆ, ಒಬ್ಬನೇ. "ಮೇಡಂ ಆರಾಮ ಕಾಕಾ, ಆಯಿ ಭಾಳ ಕಠಿಣ" ಎಂದು ಫೋನಿನಲ್ಲಿ ಹೇಳುತ್ತಿದ್ದ. ಒಂದು ಶಬ್ದ ತಪ್ಪಿದರೂ ಆಕೆ ಊದುಗೊಳವೆಯಿಂದ ಮೊಳಕಾಲಿಗೆ ಹೊಡೆಯುತ್ತಿದ್ದಳಂತೆ. ಒಮ್ಮೆ ಕೇಳಿದ್ದನ್ನು ಮರೆಯದ ಆ ಹುಡುಗ ಬೇಕೆಂದೇ ತಪ್ಪುತ್ತಿದ್ದನೇನೋ ಎಂದು ನನಗೆ ಗುಮಾನಿ.

ಉತ್ತರಿ, ಹಸ್ತ ಮುಗಿದು ಮೋಡ ಹರಿದಾಗ ಮನಗೂಳಿಯವರು ಪದಕ್ಕೆ ಕರೆದರು. ಹಬ್ಬದ ಮರುದಿನ, ಇಳಿಹೊತ್ತು. ಮುದ್ದೇಬಿಹಾಳದ ಯಜಮಾನರೂ ಹಣೆಯ ಗಾಯದ ಗುರುತಿನೊಂದಿಗೆ ಬಂದಿದ್ದರು. ಹೆಂಗಸರು ಕೂತ ಕಡೆ ಆಯಿ, ಆಯಿಯ ಪಕ್ಕದಲ್ಲಿ ಸುಜಾತಾ ಮೇಡಂ, ಮಡಿಲಲ್ಲಿ ಸ್ಟೀಲಿನ ಬಾಟಲಿ. ಸಿದ್ದು ಮೊದಲು ಹೋಗಿ ಅವರಿಬ್ಬರಿಗೂ ಬನ್ನಿ ಕೊಟ್ಟು, "ಬಂಗಾರದಂಗ ಇರೂಣ್ರಿ" ಎಂದು ಕೈಮುಗಿದ. ಆಮೇಲೆ ಡೊಳ್ಳಿನ ಮುಂದೆ ನಿಂತು, ಕಟ್ಟಿಗೆಯ ಸವಾಲಿಗೆ ಆಧಾರವಿಲ್ಲ, ತನ್ನ ಗುರು ಅವತ್ತು ಸೋತಿರಲಿಲ್ಲ, ಎಂದು ಸಾವಿರ ಮಂದಿಯ ಮುಂದೆ ನನ್ನ ಮೈಕಿನಲ್ಲಿಯೇ ಹೇಳಿದ. ಗದ್ದಲವೆದ್ದಿತು, ಕೆಲವರು ಬೈದರು, ಒಬ್ಬ ಎದ್ದುಹೋದ. ಸಿದ್ದು ಗದ್ದಲ ಇಳಿಯುವ ತನಕ ನಿಂತು, ಆಯಿ ಕಲಿಸಿದ ಹಳೆಯ ಪದ ಎತ್ತಿದ. ಅಂಥಾ ಪದ ಆ ಬಯಲಿನಲ್ಲಿ ಯಾರೂ ಕೇಳಿರಲಿಲ್ಲ. ಬೈದವರೇ ಮೊದಲು ಸುಮ್ಮನಾದರು.

ಪದ ಬಹಳ ಹೊತ್ತು ನಡೆಯಿತು. ಕೊನೆಗೆ ಎದುರಿನ ಮೇಳದವರು ಒಂದು ಸವಾಲು ಹಾಕಿದರು. ಸಿದ್ದು ಕಣ್ಣು ಮುಚ್ಚಿದ. ನನಗೆ ಆ ಮುಖ ಗೊತ್ತು: ಬೇಕಾದರೆ ಆ ಗಳಿಗೆಯಲ್ಲಿಯೇ ಹೊಸ ಪುರಾಣ ಹುಟ್ಟಿಸಿ, ಎದುರಿನವರು ತಲೆದೂಗುವಂತೆ ಹಾಡಿಬಿಡುವ ತಲೆ ಅದು. ಸಾಲು ಅವನ ತುಟಿಯ ತನಕ ಬಂದದ್ದನ್ನೂ ಕಂಡೆ. ಅವನು ಕಣ್ಣು ತೆರೆದು ಗುಣಿ ಕೆಳಗಿಟ್ಟ.

"ಗೊತ್ತಿಲ್ಲರೆಪಾ, ಸೋತೆವೋ..." ಎಂದು ರಾಗವೆಳೆದ. "ಬಿಡಿಸಿ ಹೇಳರಿ, ಕೇಳತೇವೋ..."

ಹಿಮ್ಮೇಳದವನ ಕೆಲಸ ಬಾಲ ಹಿಡಿಯುವುದು. ನಾನು ಕಿವಿಗೆ ಕೈಹಚ್ಚಿ, ಮುಗಿಲು ಹರಿಯುವಂತೆ, "ಸೋತೆವೋ... ಸೋತೆವೋ... ಹಾಂ... ಹಾಂ..." ಎಂದು ಹಾಡಿದೆ. ಇಷ್ಟು ವರ್ಷ ಹಾಡಿದ ಯಾವ ಗೆಲುವಿನ ಪದವನ್ನೂ ಅಷ್ಟು ಸಂತೋಷದಿಂದ ಹಾಡಿದ್ದಿಲ್ಲ. ಸಿದ್ದು ಸೋಲುವುದನ್ನು ಎಂದೂ ಕಾಣದ ಮಂದಿ ಬಾಯಿ ತೆರೆದು ಕೂತಿದ್ದರು. ಆ ಮೌನದಲ್ಲಿ ಹೆಂಗಸರ ಕಡೆಯಿಂದ ಒಬ್ಬರು ಮಾತ್ರ ಎದ್ದು ನಿಂತು ಚಪ್ಪಾಳೆ ತಟ್ಟಿದರು. ಅವರ ಮಡಿಲಿನ ಸ್ಟೀಲಿನ ಬಾಟಲಿ ಉರುಳಿ ಢಣ್ಣೆಂದಿತು.